ಅಕ್ಕಿಯಂತೆ ತೊಳೆದ ಮರಳು

ಮರಳು ಬೆಳ್ಳಗಿತ್ತು. ಭದ್ರಾ ದಂಡೆಯ ಆ ತೊಟ್ಟಿಯಲ್ಲಿ ಅಷ್ಟು ಬೆಳ್ಳಗಿನ ಮರಳನ್ನು ನಾನು ಎಂದೂ ಕಂಡಿರಲಿಲ್ಲ. ಕಟ್ಟೆಗೆ ಮಾವಿನೆಲೆಯ ತೋರಣ ಕಟ್ಟಿದ್ದರು. ಗೋಡೆಗೆ ಹೊಸ ಸುಣ್ಣ ಬಳಿದಿದ್ದರು. ಮೆಟ್ಟಿಲ ಮೇಲೆ ಅರಿಶಿನ ಕುಂಕುಮ ಇತ್ತು. ನೀರಿನ ಮೇಸ್ತ್ರಿ ಎದುರಿಗೆ ಬಂದು, "ನೋಡಿ ಸ್ವಾಮಿ, ಅಕ್ಕಿ ತೊಳೆದಂಗೆ ತೊಳ್ಸಿದೀವಿ. ಮೂರು ನೀರಲ್ಲಿ" ಎಂದ. ಹೆಮ್ಮೆಯಿಂದಲೇ ಹೇಳಿದ. ನಾನು ಬಗ್ಗಿ ಮರಳು ಮುಟ್ಟಿ ನೋಡಿದೆ.

ಆ ಬೆಳಗ್ಗೆ ಶಿವಮೊಗ್ಗದಿಂದ ಬರುವಾಗ ರೈಲಿನಲ್ಲಿ ಎದುರು ಕೂತಿದ್ದ ಹತ್ತಿ ವ್ಯಾಪಾರಿಯೊಬ್ಬರು ಪಕ್ಕದವರಿಗೆ ಹೇಳುತ್ತಿದ್ದರು: "ಭದ್ರೆ ಮೇಲ್ಗಡೆ ಹಳ್ಳೀಲಿ ವಾಂತಿಭೇದಿ ಎದ್ದಿದೆ ಮಾರಾಯ್ರೆ. ಸತ್ತೋರ ಹಾಸಿಗೆ ಬಟ್ಟೆ ಎಲ್ಲಾ ಹೊಳೇಲೇ ಜಾಲಿಸ್ತಾ ಇದಾರಂತೆ." ಆ ಹೊಳೆಯ ನೀರೇ ಹರಿದು ನಮ್ಮ ತೊಟ್ಟಿಗೆ ಬರಬೇಕು. ಆದರೂ ನಾನು ಧೈರ್ಯವಾಗಿಯೇ ಕೂತಿದ್ದೆ. ತೊಟ್ಟಿಯ ಮರಳಿನ ಮೇಲೆ ಕೆನೆ ಇದೆ, ಅದು ನೋಡಿಕೊಳ್ಳುತ್ತದೆ ಎಂದುಕೊಂಡಿದ್ದೆ. ಬಂದು ನೋಡಿದರೆ ಕೆನೆ ಇರಲಿಲ್ಲ.

ಅದು ಎರಡನೆಯ ಮಹಾಯುದ್ಧದ ಕಾಲ. ಭದ್ರಾವತಿಯಿಂದ ಸ್ವಲ್ಪ ಆಚೆ, ನದಿಯ ಪಕ್ಕ, ಖಾಸಗಿಯವರ ಒಂದು ಮರ ಕೊಯ್ಯುವ ಕಾರ್ಖಾನೆ ನಡೆಯುತ್ತಿತ್ತು. ರೈಲು ಹಳಿಯ ಕೆಳಗೆ ಹಾಕುವ ದಿಮ್ಮಿಗಳಿಗೆ ಬೇಡಿಕೆ ಇದ್ದ ದಿನಗಳು, ಗರಗಸಗಳಿಗೆ ಬಿಡುವೇ ಇರಲಿಲ್ಲ. ಕೆಲಸಗಾರರಿಗೆ ಸಾಲುಮನೆಗಳಿದ್ದವು, ಎಲ್ಲರೂ ಅದನ್ನು ಲೈನು ಎನ್ನುತ್ತಿದ್ದರು. ತಮಿಳರು, ತೆಲುಗರು, ನಮ್ಮ ಕಡೆಯವರು ಎಲ್ಲ ಸೇರಿ ನೂರಾರು ಜನ. ಅವರಿಗೆ ಕುಡಿಯುವ ನೀರು ಎರಡು ಮರಳು ತೊಟ್ಟಿಗಳಿಂದ ಹೋಗುತ್ತಿತ್ತು. ಪ್ರಾಣಿಶಾಸ್ತ್ರ ಓದಿ ಬಿ.ಎಸ್ಸಿ. ಮಾಡಿದ್ದ ನನ್ನನ್ನು ಆ ನೀರು ನೋಡಿಕೊಳ್ಳಲು ಇಟ್ಟುಕೊಂಡಿದ್ದರು. ಒಂದು ಹಿತ್ತಾಳೆಯ ಸೂಕ್ಷ್ಮದರ್ಶಕ, ಒಂದು ಮೇಜು, ತೊಟ್ಟಿಯ ಪಕ್ಕದಲ್ಲಿ ತಗಡಿನ ಕೋಣೆ. ಇಷ್ಟು ನನ್ನ ಇಲಾಖೆ.

ಮರಳು ತೊಟ್ಟಿ ಎಂದರೆ ಜರಡಿ ಎಂದು ತಿಳಿದವರೇ ಹೆಚ್ಚು. ರೋಗದ ಕ್ರಿಮಿಗೆ ಮರಳಿನ ಸಂದು ಊರಬಾಗಿಲಿದ್ದಂತೆ. ನೆಟ್ಟಗೆ ನಡೆದು ಹೋಗುತ್ತದೆ. ಅದನ್ನು ತಡೆಯುವುದು ಮರಳಿನ ಮೇಲೆ ದಿನ ಕಳೆದಂತೆ ತಾನಾಗಿ ಕಟ್ಟಿಕೊಳ್ಳುವ ಒಂದು ಪೊರೆ. ಕಂದು ಹಸಿರು ಬಣ್ಣ, ಮುಟ್ಟಿದರೆ ಲೋಳೆ. ನಾನು ಅದನ್ನು ಕೆನೆ ಎನ್ನುತ್ತಿದ್ದೆ. ಅದರ ಒಂದು ಚೂರನ್ನು ಗಾಜಿನ ಮೇಲಿಟ್ಟು ನೋಡಿದರೆ ಒಂದು ಪೇಟೆಯೇ ಕಾಣುತ್ತದೆ. ಪಾಚಿಯ ಎಳೆಗಳ ನಡುವೆ ಪ್ಯಾರಮೀಸಿಯಂ ಎಂಬ ಜೀವಿ, ಚಪ್ಪಲಿಯ ಅಟ್ಟೆಯ ಆಕಾರದ್ದು, ಮೈತುಂಬ ಇರುವ ರೋಮಗಳನ್ನು ಬಡಿಯುತ್ತ ಉರುಳಿಕೊಂಡು ಈಜುತ್ತದೆ. ವರ್ಟಿಸೆಲ್ಲಾ ಎಂಬ ಇನ್ನೊಂದು ಒಂದೇ ಕಡೆ ನಿಂತಿರುತ್ತದೆ. ಅದರದ್ದು ಮಗುಚಿದ ಗಂಟೆಯಂಥ ಮೈ, ಕೆಳಗೊಂದು ಉದ್ದ ತೊಟ್ಟು, ತೊಟ್ಟಿನ ತುದಿ ಮರಳಿನ ಕಾಳಿಗೆ ಅಂಟಿರುತ್ತದೆ. ಗಂಟೆಯ ಬಾಯಿಯ ಸುತ್ತ ರೋಮಗಳ ಸಾಲು. ಅವು ಬಡಿದಾಗ ನೀರಿನಲ್ಲಿ ಸಣ್ಣ ಸುಳಿ ಏಳುತ್ತದೆ; ಹತ್ತಿರದ ಕ್ರಿಮಿಗಳೆಲ್ಲ ಆ ಸುಳಿಗೆ ಸಿಕ್ಕಿ ಬಾಯಿಗೆ ಬೀಳುತ್ತವೆ. ಇಂಥವು ಮರಳಿನ ಮೇಲೆ ತೋಟದಂತೆ ಬೆಳೆದಿದ್ದರೆ ಕೆಳಗೆ ಇಳಿಯುವ ನೀರು ಶುದ್ಧವಾಗುತ್ತದೆ. ಕೆನೆ ತೀರ ದಪ್ಪವಾದಾಗ ಒಂದು ತೊಟ್ಟಿಯಲ್ಲಿ ಮಾತ್ರ ಮೇಲಿನ ಪದರ ಕೆರೆಯುತ್ತೇವೆ. ಹೊಸ ಕೆನೆ ಕಟ್ಟುವ ತನಕ ಆ ತೊಟ್ಟಿಯ ನೀರನ್ನು ಹೊಳೆಗೆ ಬಿಡುತ್ತೇವೆ. ಎರಡನ್ನೂ ಒಟ್ಟಿಗೆ ಮುಟ್ಟುವುದಿಲ್ಲ. ಬೇರೆ ಉಪಾಯವೆಂದರೆ ನೀರಿಗೆ ಬ್ಲೀಚಿಂಗ್ ಪೌಡರ್ ಹಾಕುವುದು; ಯುದ್ಧದಿಂದಾಗಿ ಅದು ಬರುವುದು ನಿಂತೇಹೋಗಿತ್ತು.

ಈಗ ಎರಡು ತೊಟ್ಟಿಗಳನ್ನೂ ತೊಳೆದಿದ್ದರು.

ಏಕೆ ಎಂದು ಕೇಳುವ ಅಗತ್ಯ ನನಗಿರಲಿಲ್ಲ. ಹಿಂದಿನ ವಾರ ಮ್ಯಾನೇಜರು ನನ್ನ ಕೋಣೆಗೆ ಬಂದಿದ್ದರು. ಮಡಿವಂತರು, ಹೋಟೆಲಿನ ಕಾಫಿ ಮುಟ್ಟಿದವರಲ್ಲ. ಕುತೂಹಲದಿಂದ ಸೂಕ್ಷ್ಮದರ್ಶಕಕ್ಕೆ ಕಣ್ಣಿಟ್ಟರು. ಗಂಟೆಗಳು ಆಡುತ್ತಿದ್ದವು, ಚಪ್ಪಲಿಯಂಥದೊಂದು ಅಡ್ಡ ಹಾಯಿತು.

"ಇವು ಜೀವ ಇರೋವೇನ್ರೀ?"

"ಹೌದು ಸಾರ್."

"ನಾವು ಕುಡಿಯೋ ನೀರಲ್ಲಿ?"

"ಮರಳ ಮೇಲೆ ಸಾರ್. ಇವು ಇದ್ರೇನೇ ನೀರು..."

"ಶಿವ ಶಿವಾ! ಇಷ್ಟು ದಿನ ಪ್ರಾಣಿ ಅದ್ದಿದ ನೀರಲ್ಲಿ ಸಂಧ್ಯಾವಂದನೆ ಮಾಡಿದೀನಲ್ರೀ!"

ಅಂದು ಮನೆಗೆ ಹೋಗಿ ಮತ್ತೆ ಸ್ನಾನ ಮಾಡಿದರಂತೆ. ಯಾವ ನೀರಿನಲ್ಲಿ ಎಂದು ನಾನು ಕೇಳಲಿಲ್ಲ. ಅವರಿಗೆ ಅದನ್ನು ತೋರಿಸಬಾರದಿತ್ತು ಎಂದು ಆಮೇಲೆ ಅನೇಕರು ನನಗೆ ಬುದ್ಧಿ ಹೇಳಿದ್ದಾರೆ. ನಾನು ಒಪ್ಪುವುದಿಲ್ಲ. ಇಂದು ಯಾರು ಬಂದು ಕೇಳಿದರೂ ತೋರಿಸುತ್ತೇನೆ. ಕಂಡದ್ದಕ್ಕೆ ಹೆದರಿ ಕಣ್ಣು ಮುಚ್ಚಿಕೊಳ್ಳುವುದು ನೋಡಿದವರ ಪಾಡು.

ನಾನು ಮನೆಯ ಕೆಲಸಕ್ಕೆಂದು ಶಿವಮೊಗ್ಗಕ್ಕೆ ಹೋಗಿದ್ದಾಗ ಅವರು ಮೇಸ್ತ್ರಿಯನ್ನು ಕರೆದು ಆಳುಗಳನ್ನು ಇಳಿಸಿದ್ದಾರೆ. ಪೊರೆಯನ್ನೆಲ್ಲ ಕೆರೆದು, ಮರಳನ್ನು ಮೊಳದಾಳ ತೋಡಿ ತೊಳೆಸಿ, ಪೂಜೆ ಮಾಡಿಸಿದ್ದಾರೆ. ಆ ಸಂಜೆ ಹೊಸ ನೀರನ್ನು ಲೈನಿಗೆ ಬಿಡಬೇಕೆಂದು ಹುಕುಂ ಆಗಿತ್ತು.

ನಾನು ಆಫೀಸಿಗೆ ಓಡಿದೆ. ಮೇಲಿನ ಹಳ್ಳಿಯ ಕಾಲರಾದ ಸುದ್ದಿ ಹೇಳಿದೆ. ಅವರು ತಾಳ್ಮೆಯಿಂದಲೇ ಕೇಳಿದರು.

"ಅದಕ್ಕೇ ಅಲ್ವೇನ್ರೀ ತೊಳೆಸಿದ್ದು? ರೋಗ ಬರೋ ಕಾಲಕ್ಕೆ ಸರಿಯಾಗಿ ಶುದ್ಧಿ ಆಯ್ತು. ದೇವರೇ ನಡೆಸಿದಾನೆ."

"ಸಾರ್, ಹಾಲಿನ ಮೇಲಿನ ಕೆನೆ ತೆಗೆದ ಹಾಗಲ್ಲ ಇದು. ಬೇಲಿ ಕಿತ್ತ ಹಾಗೆ. ಆ ನೀರು ಇವತ್ತು ಲೈನಿಗೆ ಹೋದ್ರೆ ಹೊಳೆ ನೀರನ್ನ ಹಾಗೇ ಕುಡಿಸಿದ ಹಾಗೆ."

"ಕೊನೇ ಸಲ ತೊಳೆದ ನೀರನ್ನ ಗಾಜಿನ ಲೋಟದಲ್ಲಿ ಹಿಡಿದು ನೋಡಿದೀನಿ. ಸ್ಫಟಿಕ. ನೀವು ತುಂಗೆ ದಂಡೆಯೋರು. ತುಂಗಾ ಪಾನ ಗಂಗಾ ಸ್ನಾನ ಅಂತ ಕೇಳ್ಕೊಂಡು ಬೆಳೆದೋರು, ಭದ್ರೆ ನೀರು ಅಂದ್ರೆ ನಿಮಗೆ ಅನುಮಾನ."

"ನಿಮ್ಮ ಮನೆಗೂ ಇದೇ ನೀರು ಸಾರ್. ನಿಮ್ಮ ಮಕ್ಕಳೂ ಕುಡೀತಾರೆ."

"ಮಕ್ಕಳು ಕುಡೀತಾರೆ ಅಂತಲೇ ತೊಳೆಸಿದ್ದು ಕಣ್ರೀ!" ಎಂದು ಮೇಜು ಗುದ್ದಿದರು. "ಬಿ.ಎಸ್ಸಿ. ಓದಿದ್ದು ಹುಳ ಸಾಕೋದಕ್ಕಾ?"

ಅವರು ಸುಳ್ಳು ಹೇಳುತ್ತಿರಲಿಲ್ಲ. ಮಕ್ಕಳ ಮೇಲಿನ ಪ್ರೀತಿ, ಶುಚಿಯ ಮೇಲಿನ ನಂಬಿಕೆ ಎರಡೂ ನಿಜವಾದವು. ಅದರಿಂದಲೇ ನನಗೆ ಹೆದರಿಕೆಯಾಯಿತು. ಲಂಚ ತಿಂದವನನ್ನು ಹೆದರಿಸಬಹುದು, ಸೋಮಾರಿಯನ್ನು ಎಬ್ಬಿಸಬಹುದು. ಶುದ್ಧ ಮಾಡಿದ್ದೇನೆಂದು ನಂಬಿದವರನ್ನು ಏನು ಮಾಡುವುದು?

ವಾದ ಬಿಟ್ಟು ತೊಟ್ಟಿಯ ಕಡೆ ನಡೆದೆ. ಎರಡೂ ತೊಟ್ಟಿಗಳ ತಳದಿಂದ ಇಳಿದ ನೀರು ಪಕ್ಕದಲ್ಲಿದ್ದ ಒಂದು ಕಿರಿದಾದ ಇಟ್ಟಿಗೆ ಬಾವಿಗೆ ಬರುತ್ತಿತ್ತು. ಎರಡಾಳು ಆಳ, ಒಬ್ಬ ಮನುಷ್ಯ ಎರಡೂ ಕೈ ಅಗಲಿಸಲಾಗದಷ್ಟು ಕಿರಿದು. ಇಳಿಯಲು ಗೋಡೆಗೆ ಕಬ್ಬಿಣದ ಬಳೆಗಳು. ತಳದಲ್ಲಿ ಎರಡು ತಿರುಗಣೆ ಚಕ್ರಗಳು. ಒಂದನ್ನು ತೆರೆದರೆ ನೀರು ಲೈನಿನ ಟ್ಯಾಂಕಿಗೆ ಹೋಗುತ್ತದೆ, ಇನ್ನೊಂದನ್ನು ತೆರೆದರೆ ಹೊಳೆಗೆ. ಲೈನಿನ ಚಕ್ರವನ್ನು ಮುಚ್ಚಿ ಸರಪಳಿ ಬಿಗಿದು ಬೀಗ ಹಾಕುವುದು, ಹೊಳೆಯ ಚಕ್ರವನ್ನು ತೆರೆಯುವುದು. ಇದೇ ನನ್ನ ಉದ್ದೇಶ. ಯಾರನ್ನೂ ಕೇಳಲಿಲ್ಲ.

ಕೋಟು ಬಿಚ್ಚಿ ಬಾವಿಯ ಬಾಯಿಯ ಪಕ್ಕ ಇಟ್ಟೆ. ಇದನ್ನು ಇಲ್ಲಿ ಹೇಳಲೇಬೇಕು. ಕರಿ ಕೋಟು, ಹೊಸ ಸುಣ್ಣದ ಕಟ್ಟೆಯ ಮೇಲೆ.

ಕೆಳಗೆ ಪಾದ ಮುಳುಗುವಷ್ಟು ನೀರಿತ್ತು. ಲೈನಿನ ಚಕ್ರ ಜಡ್ಡುಗಟ್ಟಿತ್ತು. ಬಲಗಾಲನ್ನು ಕೊಳವೆ ಮತ್ತು ಗೋಡೆಯ ನಡುವಿನ ಸಂದಿಗೆ ಒತ್ತಿಕೊಟ್ಟು, ಎರಡೂ ಕೈಯಲ್ಲಿ ಹಿಡಿದು ತಿರುಗಿಸಿದೆ. ಕಿರುಗುಟ್ಟುತ್ತ ಪೂರ್ತಿ ಮುಚ್ಚಿಕೊಂಡಿತು. ಇನ್ನು ಹೊಳೆಯ ಚಕ್ರ ತೆರೆಯಬೇಕು ಎನ್ನುವಾಗ ತಲೆಯ ಹತ್ತಿರದ ಕೊಳವೆಯಿಂದ ಗೊಳಕ್ ಎಂಬ ಸದ್ದು ಬಂತು. ಆಮೇಲೆ ನೀರು ಬಂತು.

ಖಾಲಿ ತೊಟ್ಟಿಗೆ ನೀರು ತುಂಬಿಸುವಾಗ ಮೇಲಿನಿಂದ ಸುರಿಯುವುದಿಲ್ಲ. ಎತ್ತರದ ಟ್ಯಾಂಕಿನಿಂದ ಈ ಬಾವಿಗೆ ಬಿಟ್ಟು, ತಳದಿಂದ ಮರಳಿನೊಳಕ್ಕೆ ಏರಿಸುತ್ತಾರೆ. ಮರಳಿನಲ್ಲಿ ಸಿಕ್ಕ ಗಾಳಿ ಹೊರಹೋಗಲಿ ಎಂದು. ಆ ವಾಲ್ವು ಮೇಲುಗಡೆ, ತೊಟ್ಟಿಯ ಆಚೆ ಮೂಲೆಯಲ್ಲಿತ್ತು. ಅದನ್ನು ಯಾರೋ ತೆರೆದಿದ್ದರು. ಬಾವಿಯಿಂದ ನೀರು ಹೊರಹೋಗುವ ದಾರಿಯನ್ನು ಆಗತಾನೆ ನಾನೇ ಮುಚ್ಚಿದ್ದೆ.

ಮೊಣಕಾಲಿಗೆ ಬಂತು. ಕಾಲು ಎಳೆದೆ. ಬರಲಿಲ್ಲ. ಬೂಟಿನ ಹಿಮ್ಮಡಿ ಕೊಳವೆಯ ಅಂಚಿಗೆ ಸಿಕ್ಕಿಕೊಂಡಿತ್ತು. ಬೆನ್ನ ಹಿಂದಿದ್ದ ಹೊಳೆಯ ಚಕ್ರಕ್ಕೆ ಕೈ ಚಾಚಿದೆ. ಬೆರಳ ತುದಿ ತಾಗಿತು, ಹಿಡಿತ ಸಿಗಲಿಲ್ಲ. ಕೂಗಿದೆ. ಮೇಲೆ ಗರಗಸಗಳು ಓಡುತ್ತಿದ್ದವು. ದಿಮ್ಮಿ ಸೀಳುವ ಸದ್ದಿನಲ್ಲಿ ನನ್ನ ಕೂಗು ನನಗೇ ಕೇಳಿಸಲಿಲ್ಲ. ಸೊಂಟಕ್ಕೆ ಬಂತು, ಎದೆಗೆ ಬಂತು. ನೀರು ತಣ್ಣಗಿತ್ತು. ಸುಣ್ಣದ ವಾಸನೆಯಿತ್ತು. ಮೇಲೆ ಬಾವಿಯ ಬಾಯಿ ತಟ್ಟೆಯಷ್ಟು ಕಾಣುತ್ತಿತ್ತು, ಅದರಾಚೆ ಬಿಸಿಲು.

ಕತ್ತಿನವರೆಗೆ ಬಂದಾಗ ಒಂದು ವಿಚಾರ ಹೊಳೆಯಿತು. ಬೂಟಿನ ದಾರ ಬಿಚ್ಚಬೇಕಾದರೆ ನಾನೇ ನೀರಿನೊಳಗೆ ತಲೆ ಹಾಕಬೇಕು. ನೀರಿಂದ ತಪ್ಪಿಸಿಕೊಳ್ಳಲು ನೀರಿಗೆ ಮುಳುಗಬೇಕು. ಮೈ ಒಪ್ಪಲಿಲ್ಲ. ಗದ್ದ ಎತ್ತಿ ಇನ್ನೊಂದೆರಡು ಉಸಿರು ಎಳೆಯುವುದೇ ದೊಡ್ಡ ಲಾಭ ಎಂದು ಅದು ಹಟ ಹಿಡಿಯಿತು. ಕೊನೆಗೆ ಹೇಗೆ ಮುಳುಗಿದೆನೋ ಗೊತ್ತಿಲ್ಲ. ಕಣ್ಣು ಬಿಟ್ಟರೆ ಕಪ್ಪು. ದಾರದ ಗಂಟು ನೆನೆದು ಬಿಗಿದಿತ್ತು. ಉಗುರಿನಿಂದ ಕಿತ್ತೆ. ಒಮ್ಮೆ ಮೇಲೆ ಬಂದೆ. ಆಗ ಮೂಗು ಮಾತ್ರ ನೀರಿನ ಮೇಲಿತ್ತು. ಮತ್ತೆ ಮುಳುಗಿದೆ. ಗಂಟು ಸಡಿಲವಾಯಿತು, ಕಾಲು ಬೂಟಿನಿಂದ ಜಾರಿತು, ನೀರೇ ನನ್ನನ್ನು ಮೇಲಕ್ಕೆ ಎತ್ತಿತು.

ಬಳೆ ಹಿಡಿದು ಹತ್ತಿ ಬಂದು ಕಟ್ಟೆಯ ಮೇಲೆ ಬಿದ್ದುಕೊಂಡಾಗ, ಮೇಸ್ತ್ರಿ ವಾಲ್ವಿನ ಪಕ್ಕ ನಿಂತಿದ್ದ. ಮ್ಯಾನೇಜರು ಸ್ವಲ್ಪ ಹಿಂದೆ, ಕೊಡೆ ಹಿಡಿದು. ಮೇಸ್ತ್ರಿಯ ಮುಖ ಬೂದಿಯಾಯಿತು. ಗಡಬಡಿಸಿ ವಾಲ್ವು ಮುಚ್ಚಿ ಓಡಿಬಂದ.

"ಅಯ್ಯೋ ಸ್ವಾಮಿ, ನೀವು ಒಳಗಿದ್ರಾ? ನಾನು ನೋಡ್ಲಿಲ್ಲ ಸ್ವಾಮಿ, ಮಂಜುನಾಥನಾಣೆ ನೋಡ್ಲಿಲ್ಲ."

"ಯಾರು ಇಳಿ ಅಂದಿದ್ದು ನಿಮಗೆ?" ಎಂದರು ಮ್ಯಾನೇಜರು. ಅವರ ಧ್ವನಿ ನಡುಗುತ್ತಿತ್ತು.

ಕೋಟು ನಮ್ಮ ಮೂವರ ನಡುವೆ ಬಿದ್ದಿತ್ತು.

ಅವರು ಕೋಟನ್ನು ಕಂಡಿದ್ದರೇ, ಕಾಣಲಿಲ್ಲವೇ? ಆಮೇಲಿನ ವರ್ಷಗಳಲ್ಲಿ ಆ ಕಟ್ಟೆಯನ್ನು ನೂರು ಸಲ ಮನಸ್ಸಿನಲ್ಲಿ ಕಟ್ಟಿ ನೋಡಿದ್ದೇನೆ. ವಾಲ್ವಿನ ಹತ್ತಿರ ನಿಂತರೆ ಕೋಟು ಕಾಣುತ್ತದೆಯೇ, ಸುಣ್ಣದ ಮೇಲಿನ ಬಿಸಿಲಿಗೆ ಕಣ್ಣು ಕುಕ್ಕುತ್ತದೆಯೇ ಎಂದು. ಈಗಲೂ ಬಚ್ಚಲಲ್ಲಿ ಹಂಡೆಗೆ ನೀರು ತುಂಬುವ ಸದ್ದು ಕೇಳಿದರೆ ನನ್ನ ಬಲಗಾಲು ತಾನಾಗಿ ಮಡಚಿಕೊಳ್ಳುತ್ತದೆ. ಮನೆಯವರು ನಗುತ್ತಾರೆ. ನಾನೂ ನಗುತ್ತೇನೆ.

ಆದರೆ ಆಗ ನನ್ನ ತಲೆಯಲ್ಲಿದ್ದದ್ದು ಬೇರೆ. ಚಕ್ರ ಮುಚ್ಚಿದೆ ನಿಜ, ಬೀಗ ಬಿದ್ದಿಲ್ಲ. ನಾನು ಮನೆಗೆ ಹೋಗಿ ಮಲಗಿದರೆ ಸಂಜೆಯೊಳಗೆ ಯಾರಾದರೂ ಇಳಿದು ತೆರೆಯುತ್ತಾರೆ. ಬಾವಿಯ ನೀರು ನಿಧಾನವಾಗಿ ಮರಳಿಗೆ ಏರಿ ಸೊಂಟದ ಮಟ್ಟಕ್ಕೆ ಇಳಿದಿತ್ತು. ಕೋಟಿನ ಕೆಳಗಿಟ್ಟಿದ್ದ ಸರಪಳಿ ಬೀಗ ಎತ್ತಿಕೊಂಡು ಮತ್ತೆ ಇಳಿಯಲು ನಿಂತೆ. ಮೊದಲ ಬಳೆಯ ಮೇಲೆ ಇಟ್ಟ ಕಾಲನ್ನು ಮತ್ತೆ ಮೇಲಕ್ಕೆ ತೆಗೆದುಕೊಂಡೆ. ಮೇಸ್ತ್ರಿ, "ಬೇಡಿ ಸ್ವಾಮಿ, ಬೇಡಿ" ಎಂದ.

"ಹಗ್ಗ ತಗೊಂಡು ಬಾ. ಒಂದು ತುದಿ ನನ್ನ ಸೊಂಟಕ್ಕೆ, ಒಂದು ತುದಿ ನಿನ್ನ ಕೈಗೆ. ಆ ವಾಲ್ವಿನ ಹತ್ರ ಯಾರೂ ಹೋಗಕೂಡ್ದು."

"ಮ್ಯಾನೇಜರು..."

"ಅವರೂ ಹೋಗಕೂಡ್ದು."

ಮ್ಯಾನೇಜರು ವಾಲ್ವಿನಿಂದ ಎರಡು ಹೆಜ್ಜೆ ದೂರ ಸರಿದರು. ಮೇಸ್ತ್ರಿ ಹಗ್ಗ ಹಿಡಿದ. ಇಳಿದೆ. ಸೊಂಟದ ನೀರಿನಲ್ಲಿ ಬಗ್ಗಿ ತಡಕಾಡಿ ಹೊಳೆಯ ಚಕ್ರ ತಿರುಗಿಸಿದೆ. ನೀರು ಹೀರಿಕೊಂಡು ಹೋಗತೊಡಗಿತು. ಆಗ ಲೈನಿನ ಚಕ್ರಕ್ಕೆ ಸರಪಳಿ ಸುತ್ತಿ ಬೀಗ ಜಡಿದೆ. ಕೀಲಿಯನ್ನು ಉಡಿದಾರಕ್ಕೆ ಕಟ್ಟಿಕೊಂಡೆ. ಒಂದು ಕಾಲಲ್ಲಿ ಬೂಟು, ಒಂದು ಬರಿಗಾಲು, ಹಾಗೆಯೇ ಲೈನಿನ ಕಡೆ ನಡೆದೆ. ಕುಡಿಯುವ ನೀರು ನಿಲ್ಲಿಸಿದವನೇ ಅದನ್ನು ಜನಕ್ಕೆ ಹೇಳಬೇಕು.

ಲೈನಿನಲ್ಲಿ ಎಲ್ಲರೂ ಪೆರಿಯಮ್ಮ ಎಂದು ಕರೆಯುತ್ತಿದ್ದ ಒಬ್ಬ ಹೆಂಗಸಿದ್ದರು. ಸೇಲಂ ಕಡೆಯವರು, ಮಗ ಗರಗಸದ ಕೆಲಸದಲ್ಲಿದ್ದ. ನಲ್ಲಿಯ ಜಗಳಗಳೆಲ್ಲ ಅವರ ಹತ್ತಿರವೇ ತೀರ್ಮಾನವಾಗುತ್ತಿದ್ದವು. ನನ್ನನ್ನು ಮೇಲಿಂದ ಕೆಳಗೆ ನೋಡಿದರು.

"ಏನ್ ತಂಬಿ, ನೀರು ಬಿಡೋ ಅಂದ್ರೆ ನೀರಲ್ಲಿ ಬಿದ್ದು ಬಂದ್ಯಾ?"

ಸುತ್ತ ಕೊಡ ಹಿಡಿದವರು ನಕ್ಕರು. ಲೈನಿನ ಟ್ಯಾಂಕಿನಲ್ಲಿರುವ ಹಳೆಯ ನೀರು ಮಾರನೆಯ ದಿನಕ್ಕೆ ಮುಗಿಯುತ್ತದೆ, ಆಮೇಲೆ ನಲ್ಲಿಯಲ್ಲಿ ಬರುವುದಿಲ್ಲ ಎಂದಾಗ ನಗು ನಿಂತಿತು. ಮೇಲಿನ ಹಳ್ಳಿಯ ಕಾಯಿಲೆಯ ಸುದ್ದಿ ಹೇಳಿದೆ. ತೊಳೆದ ಮರಳಿನ ಕಥೆ ಹೇಳಿದೆ.

"ಮರಳು ತೊಳೆದ್ರೆ ನಲ್ಲದಲ್ವಾ? ನೀನು ಯಾಕೆ ಕೆಟ್ಟದು ಅಂತೀಯ?"

"ಪೆರಿಯಮ್ಮ, ನೀವು ಮೊಸರಿಗೆ ಹೆಪ್ಪು ಹಾಕ್ತೀರಿ. ಹೆಪ್ಪಿನ ಬಟ್ಟಲನ್ನ ಸೊಸೆ ಚೆನ್ನಾಗಿ ಉಜ್ಜಿ ತೊಳೆದು ಬೋರಲು ಹಾಕಿದ್ರೆ?"

"ಅವಳನ್ನ ಬೋರಲು ಹಾಕ್ತೀನಿ."

"ನಮ್ಮ ತೊಟ್ಟಿಗೂ ಅದೇ ಆಗಿದೆ."

ಸೊಂಟದ ಕೊಡ ಕೆಳಗಿಟ್ಟರು. ಆಮೇಲೆ ಕೇಳಿದರು: "ಹೆಪ್ಪು ಎಲ್ಲಾದ್ರೂ ಮಿಕ್ಕಿದೆಯಾ?"

ನನಗೆ ಆ ತನಕ ಹೊಳೆದಿರಲಿಲ್ಲ. ಕೆರೆದ ಕೆನೆಯನ್ನು ಎಲ್ಲಿ ಹಾಕಿದರು? ಮೇಸ್ತ್ರಿಯನ್ನು ಕೇಳಿದರೆ ಮ್ಯಾನೇಜರ ಬದನೆ ಮಡಿಗೆ ಗೊಬ್ಬರವಾಗಿ ಹೋಗಿದೆ ಎಂದ. ಹೋಗಿ ನೋಡಿದೆವು. ಹರಡಿದ್ದೆಲ್ಲ ಬಿಸಿಲಿಗೆ ಹಪ್ಪಳವಾಗಿತ್ತು. ಒಂದು ಚೂರು ನೆನೆಸಿ ಸೂಕ್ಷ್ಮದರ್ಶಕಕ್ಕೆ ಇಟ್ಟರೆ ಮಣ್ಣು, ಸತ್ತ ಪಾಚಿ, ಒಡೆದ ಚಿಪ್ಪು. ಬೇಲಿಯ ನೆರಳಲ್ಲಿ ಮಾತ್ರ, ಒದ್ದೆ ಗೋಣಿ ಹೊದಿಸಿ ಹರಡದೇ ಬಿಟ್ಟಿದ್ದ ಒಂದು ಸಣ್ಣ ಗುಡ್ಡೆ ಇತ್ತು. ಅದರ ಒಳಗಿನಿಂದ ಒಂದು ಚಿಟಿಕೆ ತೆಗೆದು ಗಾಜಿನ ಮೇಲಿಟ್ಟೆ. ಗಂಟೆಯ ಆಕಾರಗಳು ಕಂಡವು, ಆದರೆ ಅಲುಗಾಡುತ್ತಿರಲಿಲ್ಲ. ಸತ್ತಿವೆಯೋ, ಬದುಕಿವೆಯೋ? ಗಾಜಿನ ಅಂಚನ್ನು ಬೆರಳಿಂದ ಮೆಲ್ಲಗೆ ತಟ್ಟಿದೆ. ಬದುಕಿರುವ ವರ್ಟಿಸೆಲ್ಲಾ ಬೆದರಿದರೆ ತೊಟ್ಟನ್ನು ಸುರುಳಿ ಸುತ್ತಿಕೊಂಡು ಚಟ್ಟನೆ ಕೆಳಗೆ ಕೂರುತ್ತದೆ. ಒಂದು ಕೂತಿತು. ಇನ್ನೊಂದು ಕೂತಿತು. ಆಮೇಲೆ ಗುಂಪಿನಲ್ಲಿ ಅರ್ಧಕ್ಕರ್ಧ ಮುದುರಿಕೊಂಡವು. ನಾನು ಮೇಜಿನ ಮೇಲೆ ತಲೆಯಿಟ್ಟುಬಿಟ್ಟೆ. ಬಾವಿಯಿಂದ ಹೊರಬಂದಾಗ ಬಾರದ ಅಳು ಆಗ ಬಂತು.

ಆ ಗುಡ್ಡೆಯನ್ನು ಬಕೆಟ್ಟಿನ ನೀರಿನಲ್ಲಿ ಕದಡಿ ಎರಡೂ ತೊಟ್ಟಿಗಳ ಮೇಲೆ ಬಿತ್ತಿದಂತೆ ಚೆಲ್ಲಿದೆವು. ಹೊಳೆಯ ನೀರನ್ನು ಸಣ್ಣ ಧಾರೆಯಲ್ಲಿ ಬಿಟ್ಟೆವು. ಮರಳಿನಿಂದ ಇಳಿದದ್ದೆಲ್ಲ ವಾಪಸು ಹೊಳೆಗೆ. ಇನ್ನು ಕಾಯುವುದು.

ಅಷ್ಟು ದಿನ ಕುಡಿಯುವುದೇನು? ಹೊಳೆಯ ನೀರನ್ನು ಕುದಿಸುವುದೊಂದೇ ದಾರಿ. ಅಷ್ಟು ಜನಕ್ಕೆ ಸಾಲುವ ಪಾತ್ರೆ ಯಾರ ಮನೆಯಲ್ಲಿದೆ? ಕೆಲಸಗಾರನೊಬ್ಬನ ಮಾವನ ಊರಿಂದ ಅಡಿಕೆ ಬೇಯಿಸುವ ತಾಮ್ರದ ಹಂಡೆಗಳು ಗಾಡಿಯಲ್ಲಿ ಬಂದವು. ಬೇಸಿಗೆಯಾದ್ದರಿಂದ ಅವಕ್ಕೆ ಕೆಲಸವಿರಲಿಲ್ಲ. ಎಷ್ಟು ಉಜ್ಜಿದರೂ ಅಡಿಕೆಯ ಚೊಗರು ಹೋಗಲಿಲ್ಲ. ಕುದಿದ ನೀರು ಕೆಂಪಗೆ, ಒಗರಾಗಿ ಬಂತು. "ಇನ್ನು ಸುಣ್ಣ, ಎಲೆ ಕೊಟ್ಬಿಡಿ ಸ್ವಾಮಿ, ಊಟ ಆದ್ಮೇಲೆ ಬಾಯಿ ತುಂಬ ನೀರು ಹಾಕ್ಕೋತೀವಿ" ಎಂದು ಒಬ್ಬ ಗೇಲಿ ಮಾಡಿದ. ಕುಡಿದರು. ಒಲೆಗೆ ಗರಗಸದ ಅಡಿಯಲ್ಲಿ ಬಿದ್ದ ತುಂಡು ಮರ. ಅದು ಕಂಪನಿಯ ಸೊತ್ತು ಎಂದು ಕಾವಲಿನವನು ತಡೆಯಲು ಬಂದಾಗ ಪೆರಿಯಮ್ಮ, "ಬೆರಳು ಕೊಯ್ಕೊಂಡ್ರೆ ಅದು ನನ್ ಮಗಂದು, ತುಂಡು ಬಿದ್ರೆ ಕಂಪನೀದಾ?" ಎಂದರು. ಕಾವಲಿನವನು ಬೀಡಿ ಹಚ್ಚಿಕೊಂಡು ಆಚೆ ಹೋದ.

ಎರಡನೆಯ ತೊಟ್ಟಿ ಕೈಕೊಟ್ಟಿತು. ನೀರು ಬೀಳುವ ಕಡೆ ಧಾರೆ ಜೋರಾಗಿ, ಆಗತಾನೆ ಅಂಟಿಕೊಳ್ಳುತ್ತಿದ್ದ ಕೆನೆ ಕಿತ್ತು ತೇಲಿತು. ಅದರ ನೀರು ಬಾವಿಗೆ ಬರುವ ದಾರಿ ಮುಚ್ಚಿಸಿ ಅದನ್ನು ಕೈಬಿಟ್ಟೆ. ಮೊದಲ ತೊಟ್ಟಿಯಲ್ಲಿ ಧಾರೆಯ ಅಡಿಗೆ ಚಪ್ಪಡಿ ಕಲ್ಲು ಇಡಿಸಿದೆ. ದಿನವೂ ನಾಲ್ಕಾರು ಕಡೆಯಿಂದ ಮರಳು ತೆಗೆದು ನೋಡುತ್ತಿದ್ದೆ. ಮೊದಲು ಅಲ್ಲಲ್ಲಿ ಒಂಟಿ ಗಂಟೆ. ನಂತರ ಜೋಡಿ. ಒಂದು ಗಂಟೆ ಉದ್ದಕ್ಕೆ ಸೀಳಿಕೊಂಡು ಎರಡಾಗುವುದನ್ನು ಊಟ ಬಿಟ್ಟು ನೋಡಿದೆ. ಪೆರಿಯಮ್ಮ ಒಮ್ಮೆ ಬಂದು ತಾವೂ ನೋಡಬೇಕೆಂದರು. ಸುಳಿ ಚೆನ್ನಾಗಿ ಕಾಣಲೆಂದು ಅವರ ಮೊಮ್ಮಗಳ ಕಾಡಿಗೆಯನ್ನೇ ಸೂಜಿಮೊನೆಯಷ್ಟು ಆ ಹನಿಗೆ ಹಾಕಿದೆ. ಕಪ್ಪು ಚುಕ್ಕೆಗಳು ಗಿರಗಿರ ತಿರುಗಿ ಗಂಟೆಯ ಬಾಯಿಗೆ ಬಿದ್ದವು, ಅದರ ಹೊಟ್ಟೆಯೊಳಗೆ ಕಪ್ಪು ಮುತ್ತುಗಳಾದವು.

"ಕಣ್ಣೇ ಇಲ್ಲ, ಕಾಡಿಗೆ ನುಂಗ್ತದೆ!" ಎಂದು ನಕ್ಕರು. ಮತ್ತೆ ಬಗ್ಗಿ ತುಂಬ ಹೊತ್ತು ನೋಡಿದರು. "ಕಾಯಿಲೆ ಹುಳಾನೂ ಹಿಂಗೇ ನುಂಗ್ತದಾ ತಂಬಿ?"

"ಹೀಗೇ ನುಂಗತ್ತೆ."

ಕಾಲರಾದ ಕ್ರಿಮಿಯನ್ನು ನಾನು ಆ ನೀರಿನಲ್ಲಿ ಕಂಡೆನೆಂದು ಹೇಳುವುದಿಲ್ಲ. ಅದನ್ನು ಗುರುತಿಸುವ ಸಾಧನ ನನ್ನಲ್ಲಿರಲಿಲ್ಲ. ಆದರೆ ನಮ್ಮಿಂದ ಕೆಳಗೆ, ಹೊಳೆ ದಾಟುವ ಕಡೆ, ಬಿಡಾರ ಹೂಡಿದ್ದ ಗಾಡಿಯವರು ಹೊಳೆಯ ನೀರನ್ನು ಹಾಗೆಯೇ ಕುಡಿಯುತ್ತಿದ್ದರು. ಅವರಲ್ಲಿ ಒಬ್ಬ ಬೆಳಗ್ಗೆ ಮಲಗಿದವನು ಸಂಜೆಗೆ ಹೋದ. ಮಾರನೆಯ ದಿನ ಅವನ ಅಣ್ಣ. ಉಳಿದವರು ಎತ್ತು ಕಟ್ಟಿ ಓಡಿಹೋದರು. ಸುದ್ದಿ ಲೈನಿಗೆ ಬಂದ ಮೇಲೆ ಕೆಂಪು ನೀರನ್ನು ಯಾರೂ ಗೇಲಿ ಮಾಡಲಿಲ್ಲ.

ಆದರೆ ಮ್ಯಾನೇಜರ ಮೇಲೆ ಕಾರ್ಖಾನೆಯ ದಣಿಗಳ ಒತ್ತಡ ಬಿದ್ದಿತ್ತು. ಹಂಡೆ ಕಾಯಲು ಹೆಂಗಸರು, ನೀರು ಹೊರಲು ಗಂಡಸರು ಹೋಗಿ ಗರಗಸಗಳು ಅರ್ಧ ನಿಂತಿದ್ದವು. ಒಂದು ಬೆಳಗ್ಗೆ ಕಮ್ಮಾರನನ್ನು ಸುತ್ತಿಗೆ, ಉಳಿಯೊಂದಿಗೆ ಕರೆತಂದರು.

"ಬೀಗ ಒಡಿ" ಎಂದರು ಅವನಿಗೆ. "ನೀವು ಕೀಲಿ ಕೊಟ್ಟು ಹೋಗಿ, ಇವತ್ತಿಂದ ನಿಮಗೆ ಕೆಲಸ ಇಲ್ಲ" ಎಂದರು ನನಗೆ.

ಆ ಬೆಳಗಿನ ಕೆನೆಯನ್ನು ನಾನು ನೋಡಿದ್ದೆ. ಮೊದಲ ತೊಟ್ಟಿಯ ಮುಕ್ಕಾಲು ಭಾಗದಲ್ಲಿ ಕಟ್ಟಿತ್ತು, ಒಂದು ಮೂಲೆ ಇನ್ನೂ ಬೋಳಾಗಿತ್ತು. ಇನ್ನು ಕೆಲವೇ ದಿನ. ಉಡಿದಾರದಿಂದ ಕೀಲಿ ಬಿಚ್ಚಿ, ಸುದ್ದಿ ತಿಳಿದು ಬಂದು ನಿಂತಿದ್ದ ಪೆರಿಯಮ್ಮನ ಕೈಯಲ್ಲಿಟ್ಟೆ.

"ನನಗೆ ಕೆಲಸ ಇಲ್ಲ. ಹಾಗಾಗಿ ಕೀಲಿ ನನ್ನ ಹತ್ರ ಇರಬಾರದು. ನೀರು ಕುಡಿಯೋರ ಹತ್ರ ಇರಲಿ."

ಅವರು ಅದನ್ನು ಸೆರಗಿನ ತುದಿಗೆ ಗಂಟು ಹಾಕಿ, ಬಾವಿಯ ಬಾಯಿಯ ಮೇಲೆ ಹಲಗೆ ಎಳೆದು ಅದರ ಮೇಲೆ ಕೂತರು. ಹಿಂದೆಯೇ ಇನ್ನೂ ನಾಲ್ಕು ಹೆಂಗಸರು ಕೂತರು. ಕಮ್ಮಾರ ಸುತ್ತಿಗೆ ಕೆಳಗಿಟ್ಟ. "ಇವರನ್ನ ಒಡೆಯೋ ಸುತ್ತಿಗೆ ನನ್ನ ಹತ್ರ ಇಲ್ಲ ಬುದ್ಧಿ" ಎಂದ. ನಗು ಬಂತು, ಆದರೆ ಆ ಹಲಗೆಯ ಕೆಳಗಿನ ಕತ್ತಲೆ ನೆನೆದು ನಾನು ಅತ್ತ ನೋಡದೆ ನಿಂತೆ.

ಕೆಲಸವಿಲ್ಲದವನಾಗಿಯೇ ಉಳಿದ ದಿನಗಳಲ್ಲೂ ಬಂದು ಮರಳು ನೋಡಿದೆ. ಯಾರೂ ತಡೆಯಲಿಲ್ಲ. ಕೊನೆಗೆ ಬೋಳು ಮೂಲೆಯೂ ಕಂದು ಹಸಿರಾಯಿತು. ಅಲ್ಲಿಂದ ತೆಗೆದ ಚೂರಿನಲ್ಲಿ ಗಂಟೆಗಳು ಒತ್ತೊತ್ತಾಗಿದ್ದವು. ಬಾವಿಗೆ ಇಳಿದ ನೀರಿನ ಹನಿಯಲ್ಲಿ ಎಷ್ಟು ಹುಡುಕಿದರೂ ಚಲಿಸುವ ಒಂದು ಚುಕ್ಕೆಯಿರಲಿಲ್ಲ. ಪೆರಿಯಮ್ಮ ಸೆರಗಿನ ಗಂಟು ಬಿಚ್ಚುವ ಮೊದಲು ನನ್ನ ಮುಖ ನೋಡಿ ಕೇಳಿದರು:

"ನಿನ್ ಮಗು ಆಗಿದ್ರೆ ಕುಡಿಸ್ತಿದ್ಯಾ?"

ಬೇರೆ ಯಾರೇ ಕೇಳಿದ್ದರೂ ಶಾಸ್ತ್ರ ಹೇಳುತ್ತಿದ್ದೆ. "ಕುಡಿಸ್ತಿದ್ದೆ" ಎಂದೆ.

ಬೀಗ ತೆಗೆಯಲು ನಾನೇ ಇಳಿದೆ. ಹಗ್ಗ ಕಟ್ಟಿಕೊಂಡು. ಮೇಸ್ತ್ರಿ ಮೇಲೆ ನಿಂತು ಉದ್ದಕ್ಕೂ ಮಾತಾಡುತ್ತಲೇ ಇದ್ದ, ನಾನು ಒಬ್ಬನೇ ಇದ್ದೇನೆಂದು ಅನ್ನಿಸದಿರಲಿ ಎಂದು.

ಲೈನಿನಲ್ಲಿ ಒಬ್ಬರೂ ಕಾಯಿಲೆ ಬೀಳಲಿಲ್ಲ. ಮಳೆ ಹಿಡಿಯುವ ಹೊತ್ತಿಗೆ ಮೇಲಿನ ಹಳ್ಳಿಯಲ್ಲೂ ರೋಗ ಅಡಗಿತ್ತು. ಮ್ಯಾನೇಜರು ಕರೆಸಿದರು. ಕುರ್ಚಿ ತೋರಿಸಿದರು. ಕಾಫಿಯನ್ನೂ ತರಿಸಿದರು, ಮನೆಯಿಂದ.

"ನೋಡ್ರೀ, ಹಳೇದೆಲ್ಲ ಬಿಡೋಣ. ದಣಿಗಳಿಗೆ ಒಂದು ಮಾತು ಹೇಳಿ, ಅವಸರಪಟ್ಟು ಹಾಗೆ ಮಾಡ್ಬಿಟ್ಟೆ, ತಪ್ಪಾಯ್ತು ಅಂತ. ಕೆಲಸ ಉಳಿಯುತ್ತೆ. ಇಷ್ಟೆಲ್ಲ ರಂಪ ಮಾಡಿದ್ರಿ, ಗರಗಸ ನಿಲ್ಲಿಸಿದ್ರಿ, ಜೀವ ಕಳ್ಕೊಳ್ಳೋಕೂ ಹೋದ್ರಿ. ಕೊನೆಗೇನಾಯ್ತು? ನಮ್ಮ ಲೈನಲ್ಲಿ ಏನೂ ಆಗ್ಲಿಲ್ವಲ್ಲ?"

ಬರದೇ ಹೋದ ರೋಗಕ್ಕೆ ಸಾಕ್ಷಿ ಹೇಳುವವರು ಯಾರೂ ಇರುವುದಿಲ್ಲ. ಅದು ನನಗೆ ಗೊತ್ತಿತ್ತು. ಅವರು ಎಂದಿಗೂ ಒಪ್ಪುವುದಿಲ್ಲವೆಂಬುದೂ ಗೊತ್ತಿತ್ತು. ಕಾಫಿ ಬಿಸಿಯಿತ್ತು. ಪೂರ್ತಿ ಕುಡಿದೆ.

"ಆಗ್ಲಿಲ್ಲ ಅನ್ಬೇಡಿ ಸಾರ್. ಆಗಕ್ಕೆ ಬಿಡ್ಲಿಲ್ಲ."

ಲೋಟವನ್ನು ಅವರ ಮೇಜಿನ ಮೇಲಿಟ್ಟು ಎದ್ದೆ.